ಮೊಟ್ಟೆಯೊಳಗಿನ ಗಡಿಯಾರ

ಕಾಲವನ್ನೇ ಹಿಡಿದು ನಿಲ್ಲಿಸೋ ರೇಷ್ಮೆ ಚಿಟ್ಟೆ ಅಂದರೆ ಮಕ್ಕಳ ಕಥೆ ಅನ್ನಿಸ್ತದೆ. ಹುಳ ಮೇಯಿಸೋರಿಗೆ ಹಾಗೆ ಅನ್ನಿಸಬಾರದು. ನಮ್ಮ ಹಿರಿಯೂರು ತಾಲ್ಲೂಕಿನ ಹುಳದ ಮನೆಗಳಿಗೆ ಬರೋ ದ್ವಿತಳಿ ಮೊಟ್ಟೆ ಒಂದೋ ನಿದ್ದೆಯಿಂದ ಎಬ್ಬಿಸಿದ್ದು, ಇಲ್ಲಾ ನಿದ್ದೆಗೆ ಜಾರದಂತೆ ತಡೆದದ್ದು. ಸುಮ್ಮನೆ ಬಿಟ್ಟಿದ್ದರೆ ಆ ಮೊಟ್ಟೆ ತಿಂಗಳುಗಟ್ಟಲೆ ಹಾಗೇ ಕೂತಿರ್ತಿತ್ತು.

ಮೈಸೂರು ತಳಿ ಹಾಗಲ್ಲ. ಚಿಟ್ಟೆ ಮೊಟ್ಟೆ ಇಟ್ಟ ಹತ್ತು ದಿನಕ್ಕೆ ಮರಿ. ವರ್ಷಕ್ಕೆ ಐದಾರು ತಲೆಮಾರು, ನಿಲ್ಲೋ ಮಾತೇ ಇಲ್ಲ. ದ್ವಿತಳಿ ಚಳಿದೇಶದ ಜೀವ. ಅದರ ಮೊಟ್ಟೆ ಇಟ್ಟಾಗ ಹಳದಿ, ಎರಡು ಮೂರು ದಿನಕ್ಕೆ ಬೂದು ಬಣ್ಣಕ್ಕೆ ತಿರುಗಿ ಒಳಗಿನ ಬೆಳವಣಿಗೆ ನಿಂತುಹೋಗ್ತದೆ. ಒಂದು ಚಳಿಗಾಲದಷ್ಟು ತಂಪು ಉಂಡ ಮೇಲೇ ಅದಕ್ಕೆ ಎಚ್ಚರ. ಆ ತಂಪಿನ ದಿನ ಎಣಿಸೋ ಪ್ರೋಟೀನನ್ನು ಜಪಾನಿನ ಸಂಶೋಧಕರು ಮೊಟ್ಟೆಯೊಳಗೇ ಗುರುತಿಸಿ, ಅದರ ಹೆಸರಿಗೆ 'ಟೈಮ್' ಅಂತಲೇ ಸೇರಿಸಿದ್ದಾರೆ.

ಇದು ಯಾಕೆ ಇತಿಹಾಸದ ಮಾತು ಅಂದರೆ, ನಮ್ಮ ಸೀಮೆಗೆ ಯಾವ ಹುಳ ಬಂತು, ಹೇಗೆ ಬಂತು, ಯಾರ ಕೈಲಿ ಉಳೀತು ಅನ್ನೋದನ್ನೆಲ್ಲ ಈ ಗಡಿಯಾರವೇ ನಿರ್ಧಾರ ಮಾಡಿದೆ.

1786ರಲ್ಲಿ ಟಿಪ್ಪು ಸುಲ್ತಾನ್ ಶ್ರೀರಂಗಪಟ್ಟಣದ ಕಿಲ್ಲೇದಾರನಿಗೆ ಬರೆದ ಒಂದು ಪತ್ರ ಉಂಟು. ಬಂಗಾಳಕ್ಕೆ ರೇಷ್ಮೆ ಹುಳ ತರಲು ಹೋಗಿದ್ದ ಬಹಾವುದ್ದೀನ್ ಮತ್ತು ಕಸ್ತೂರಿ ರಂಗ ವಾಪಸು ಬರ್ತಿದ್ದಾರೆ, ಹುಳ ಎಲ್ಲಿಡಬೇಕು, ಹೇಗೆ ಸಾಕಬೇಕು ಅಂತ ಅವರನ್ನೇ ಕೇಳಿ ಏರ್ಪಾಡು ಮಾಡು ಅನ್ನೋದು ಅದರ ಸಾರ. ಓದುವಾಗ ನನಗೆ ಬಂದ ಲೆಕ್ಕ ಬೇರೆ. ಬಂಗಾಳದ ಹುಳವೂ ನಿಲ್ಲದೆ ಮರಿಯಾಗೋ ಜಾತಿ. ಮೊಟ್ಟೆಯೇ ತಂದಿದ್ದರೂ ಹತ್ತು ದಿನಕ್ಕೆ ಒಡೆಯೋದು, ಗೂಡೇ ತಂದಿದ್ದರೂ ಅಷ್ಟರಲ್ಲೇ ಚಿಟ್ಟೆ ಹೊರಬರೋದು. ಆ ಕಾಲದ ಪ್ರಯಾಣಕ್ಕೆ ಹತ್ತು ದಿನ ಎಲ್ಲಿ ಸಾಕು? ದಾರಿಯಲ್ಲೇ ಸೊಪ್ಪು ಹುಡುಕಿ, ಚಾಕಿ ಕಟ್ಟಿ, ಗೂಡು ಮಾಡಿಸಿ, ಮತ್ತೆ ಮೊಟ್ಟೆ ಇಡಿಸಿ ತಂದಿರಬೇಕು. ಪತ್ರದಲ್ಲಿ ಆ ಕಷ್ಟ ಇಲ್ಲ. ಹುಳ ಸಾಕಿದವರಿಗೆ ಮಾತ್ರ ಕಾಣ್ತದೆ.

ಅದಾಗಿ ಸುಮಾರು 80 ವರ್ಷಕ್ಕೆ, ಯೂರೋಪಿನಲ್ಲಿ ಗಂಟು ರೋಗ ಬಂದು ಹುಳ ನಾಶವಾದಾಗ, ಜಪಾನಿನಿಂದ ಕಾಗದದ ಹಲಗೆಗೆ ಅಂಟಿದ ಮೊಟ್ಟೆ ಹಡಗಿನಲ್ಲಿ ಇಟಲಿಗೆ ಹೋಗ್ತಿತ್ತು. ನಿದ್ದೆಯ ಮೊಟ್ಟೆಗೆ ಸೊಪ್ಪು ಬೇಡ, ಆಳು ಬೇಡ. ತಿಂಗಳುಗಟ್ಟಲೆ ಸಮುದ್ರದ ಮೇಲಿದ್ದರೂ ನಡೀತದೆ. ಮೈಸೂರು ಹುಳಕ್ಕೂ ಆಗ ರೋಗ. ಕೆಂಗೇರಿಯಲ್ಲಿ ನೂಲು ಬಿಚ್ಚೋ ಕಾರ್ಖಾನೆ ಹಾಕಿದ್ದ ಇಟಲಿಯ ಡಿ ವೆಚ್ಚಿ ಸರ್ಕಾರದ ನೆರವಿನಿಂದ ಅದೇ ಜಪಾನಿ ಮೊಟ್ಟೆ ಇಲ್ಲಿಗೂ ತರಿಸಿದ. ಮೊಟ್ಟೆ ಬಂತು, ತಳಿ ಬೇರೂರಲಿಲ್ಲ. ನಮ್ಮ ಕಡೆ ಅದಕ್ಕೆ ಬೇಕಾದ ಚಳಿಗಾಲ ಎಲ್ಲಿಂದ ತರೋದು?

ಉಪಾಯ ಸಿಕ್ಕಿದ್ದು 1920ರ ದಶಕದಲ್ಲಿ, ಮೈಸೂರು ಸಂಸ್ಥಾನದ ರೇಷ್ಮೆ ಇಲಾಖೆ ಮಿಶ್ರತಳಿ ಹಿಡಿದಾಗ. ಇದು ನನಗೆ ಬಹಳ ಇಷ್ಟವಾದ ಸಂಗತಿ. ಮೊಟ್ಟೆ ಮಲಗಬೇಕೋ ಬೇಡವೋ ಅನ್ನೋದು ತಾಯಿಯಿಂದ ಬರ್ತದೆ, ತಂದೆಗೆ ಅದರಲ್ಲಿ ಮಾತಿಲ್ಲ. ಮೈಸೂರು ಹೆಣ್ಣಿಗೆ ವಿದೇಶಿ ಗಂಡು ಕೂಡಿಸಿದರೆ ಮೊಟ್ಟೆ ಹತ್ತೇ ದಿನಕ್ಕೆ ಒಡೀತದೆ, ಗೂಡಿನಲ್ಲಿ ನೂಲು ಮಾತ್ರ ಹೆಚ್ಚು. ಕಾಲ ತಾಯಿಯದು, ನೂಲಿನಲ್ಲಿ ಪಾಲು ತಂದೆಯದು. ಹಳೇ ಮೈಸೂರಿನ ರೇಷ್ಮೆ ಅಷ್ಟೂ ದಶಕ ನಿಂತಿದ್ದು ಈ ಮದುವೆಯ ಮೇಲೆ.

ಆದರೆ ಅಲ್ಲಿಗೇ ಬಿತ್ತನೆ ನಮ್ಮ ಕೈ ಬಿಟ್ಟಿತು. ಮೊದಲು ರೈತ ತನ್ನ ಗೂಡಿನಲ್ಲೇ ನಾಲ್ಕು ಆರಿಸಿ ಚಿಟ್ಟೆ ಬಿಟ್ಟು ಮೊಟ್ಟೆ ಮಾಡ್ಕೊಂತಿದ್ದ. ಮಿಶ್ರತಳಿಯ ಗೂಡಿನಿಂದ ಮತ್ತೆ ಬಿತ್ತನೆ ಮಾಡಿದರೆ ಬೆಳೆ ಹಳ್ಳ ಹಿಡೀತದೆ. ಹಾಗಾಗಿ ಪ್ರತಿ ಬೆಳೆಗೂ ಬಿತ್ತನೆ ಕೋಠಿಯ ಬಾಗಿಲು. ಬಿತ್ತನೆ ಕೋಠಿ ಬೇಡ ಅಂತ ನಾನು ಹೇಳ್ತಿಲ್ಲ. ತಾಯಿ ಚಿಟ್ಟೆಯನ್ನು ಅರೆದು ಸೂಕ್ಷ್ಮದರ್ಶಕದಲ್ಲಿ ನೋಡದೆ ಗಂಟು ರೋಗ ತಡೆಯೋಕಾಗಲ್ಲ. ಮನೆ ಬಿತ್ತನೆಯಲ್ಲಿ ಊರಿಗೂರೇ ಬೆಳೆ ಕಳ್ಕೊಳ್ಳೋ ಅಪಾಯ ಇತ್ತು.

ಈಗಿನ ದ್ವಿತಳಿಯಲ್ಲಿ ಗಡಿಯಾರ ಪೂರ್ತಿ ಅವರ ಕೈಲೇ. 1991ರಲ್ಲಿ ಜಪಾನಿನ ಜೈಕಾ ನೆರವಿನಿಂದ ಮೈಸೂರಿನ ಕೇಂದ್ರೀಯ ಸಂಶೋಧನಾ ಸಂಸ್ಥೆಯಲ್ಲಿ ಕೆಲಸ ಶುರುವಾಗಿ ಸಿಎಸ್‌ಆರ್ ತಳಿಗಳು ಬಂದವು. ಮೈಸೂರು ಗೂಡಿನ ಎಳೆ ಸುಮಾರು 400 ಮೀಟರ್ ಆದರೆ ಇದರದು 1000 ಮೀಟರಿನ ಆಸುಪಾಸು. ನಮ್ಮ ಜಿಲ್ಲೆಯ ಮೊಳಕಾಲ್ಮೂರಿನಂಥ ಕಡೆ ಹಾಸಿಗೆ ಹಾಕಲು ಇಂಥ ಗಟ್ಟಿ ನೂಲೇ ಬೇಕು. ಆದರೆ ಇಲ್ಲಿ ತಾಯಿಯೂ ದ್ವಿತಳಿ. ಮೊಟ್ಟೆ ಇಟ್ಟ ಸುಮಾರು 20 ಗಂಟೆಗೆ, 46 ಡಿಗ್ರಿ ಬಿಸಿ ಮಾಡಿದ ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಐದು ನಿಮಿಷ ಅದ್ದಿ ತೊಳೀತಾರೆ. ನಿದ್ದೆ ತಪ್ಪಿ ಹತ್ತು ಹನ್ನೊಂದು ದಿನಕ್ಕೆ ಮರಿ. ಬೇಡವಾದರೆ ಶೀತಲಗೃಹದಲ್ಲಿಟ್ಟು ನಾಲ್ಕು ತಿಂಗಳಿಗೋ ಹತ್ತು ತಿಂಗಳಿಗೋ ಎಬ್ಬಿಸ್ತಾರೆ.

ನಮ್ಮ ಹತ್ತಿರ ಉಳಿದಿರೋದು ಸೊಪ್ಪಿನ ಗಡಿಯಾರ ಒಂದೇ. ಕಡ್ಡಿ ಕಟಾವಾದ 50-60 ದಿನಕ್ಕೆ ಹಿಪ್ಪುನೇರಳೆ ಹದಕ್ಕೆ ಬರ್ತದೆ, ಯಾರಿಗೂ ಕಾಯಲ್ಲ. ಎರಡು ವರ್ಷದ ಹಿಂದೆ ಬೇಸಿಗೆಯಲ್ಲಿ ನಮಗೆ ಚಾಕಿ ಹುಳ ಐದು ದಿನ ತಡವಾಗಿ ಬಂತು, ಅದೂ ಏರುಪೇರಾಗಿ ಮರಿಯಾದದ್ದು. ಅರ್ಧ ಹುಳ ಜ್ವರಕ್ಕೆ ಕೂತರೆ ಅರ್ಧ ಮೇಯ್ತಿತ್ತು. ಸೊಪ್ಪು ಬಲಿತು ಕೆಳಗಿನೆಲೆ ಹಳದಿಯಾಯ್ತು. ಕೊಳವೆಬಾವಿ ನೀರು ಕುಡಿಸಿ ಬೆಳೆಸಿದ ಸೊಪ್ಪಿನ ಮೂರನೇ ಒಂದು ಪಾಲು ದನಕ್ಕೆ ಹೋಯ್ತು. ಐದು ದಿನ ಅಂದರೆ ಬಿತ್ತನೆ ಕಡೆಯವರಿಗೆ ರಿಜಿಸ್ಟರಿನಲ್ಲಿ ಒಂದು ಸಾಲು.

ಇನ್ನೊಂದು ಆತಂಕ. ಮಿಶ್ರತಳಿಗೆ ಬೇಕಾದ ಶುದ್ಧ ಮೈಸೂರು ತಾಯಿಯನ್ನು ಕುಣಿಗಲ್, ಮಾಗಡಿ ಕಡೆಯ ಬಿತ್ತನೆ ಪ್ರದೇಶದ ರೈತರು ಸಾಕ್ತಾ ಬಂದಿದ್ದಾರೆ. ಚಿಕ್ಕ ಗೂಡು, ಹುಳಕ್ಕೆ ನಾಲ್ಕು ದಿನ ಹೆಚ್ಚು ಮೇವು. ಬಿತ್ತನೆ ಗೂಡಿಗೆ ಸರಿಯಾದ ಬೆಲೆ ಸಿಗದಿದ್ದರೆ ಅವರು ಯಾಕೆ ಸಾಕಬೇಕು? ಅವರು ಬಿಟ್ಟ ದಿನ, ಚಳಿಗಾಲ ಕೇಳದ ಆ ತಾಯಿ ನಮ್ಮ ಬಯಲುಸೀಮೆಗೂ ಇಲ್ಲ.

ಹೊಸದುರ್ಗದಲ್ಲಿ ತೆಂಗು, ಹೊಳಲ್ಕೆರೆಯಲ್ಲಿ ಅಡಿಕೆ ಮುಂದಾದರೂ ಅಲ್ಲಲ್ಲಿ ಹಳೇ ಹುಳದ ಮನೆಗಳಿರಬಹುದು. ಮನೆಯಲ್ಲೇ ಚಿಟ್ಟೆ ಬಿಟ್ಟು ಮೊಟ್ಟೆ ಮಾಡಿಸಿದ್ದನ್ನು ಕಂಡ ಹಿರಿಯರು ನಿಮ್ಮೂರಲ್ಲಿದ್ದರೆ, ಯಾವ ಗೂಡು ಆರಿಸ್ತಿದ್ರು, ಮೊಟ್ಟೆ ಎಲ್ಲಿಡ್ತಿದ್ರು ಅಂತ ಕೇಳಿ ಬರೀರಿ. ನಮ್ಮ ತೋಟದಲ್ಲಿ ನಾಡಿದ್ದು ಕಡ್ಡಿ ಕಟಾವು.