ಜಪ್ತಿಯಾದ ವಾಹನಗಳ ವಿಮೋಚನೆ: ಅಬಕಾರಿ ನ್ಯಾಯ ನಡೆದುಬಂದ ದಾರಿ

ತುಂಗಭದ್ರಾ ಎಡದಂಡೆ ಕಾಲುವೆಯಿಂದ ಗದ್ದೆಯ ನಾಡಾಗಿ ಮಾರ್ಪಟ್ಟ ಸಿಂಧನೂರು ಸೀಮೆಯಲ್ಲಿ, ಪೂರ್ವ ಬಂಗಾಳದ ನಿರಾಶ್ರಿತರು ನೆಲೆಗಂಡ ಆರ್.ಎಚ್. ಕ್ಯಾಂಪುಗಳಿಂದ ಮೊದಲ್ಗೊಂಡು ಮಸ್ಕಿ, ಲಿಂಗಸುಗೂರುಗಳ ಹಳ್ಳಿಗಳ ಪರ್ಯಂತ, ಬೈಕು, ಆಟೊ, ಟಾಟಾ ಏಸ್‌ಗಳು ಕೂಲಿಗೆ ಹೋಗುವವನ ಕಾಲೂ ತರಕಾರಿ ಮಾರುವವನ ಅಂಗಡಿಯೂ ಆಗಿವೆ. ಇಂಥದೊಂದು ಗಾಡಿಯಲ್ಲಿ ಅಕ್ರಮ ಮದ್ಯ ಸಿಕ್ಕಿತೆಂದು ಅದನ್ನು ಜಪ್ತಿ ಮಾಡಿದಾಗ ಏಳುವ ಪ್ರಶ್ನೆಗಳು ಎರಡು: ಅಪರಾಧಕ್ಕೆ ದಂಡನೆ ಯಾರಿಗೆ, ಮತ್ತು ಅದು ನಿರ್ಣಯವಾಗುವವರೆಗೆ ವಾಹನ ಯಾರ ವಶದಲ್ಲಿರತಕ್ಕದ್ದು? ಮೊದಲನೆಯದಕ್ಕೆ ಶಾಸನಗಳು ಆದಿಯಿಂದಲೂ ಸ್ಪಷ್ಟವಾಗಿ ಉತ್ತರಿಸಿವೆ. ಎರಡನೆಯದರ ಉತ್ತರ ಮಾತ್ರ ದಶಕಗಳ ನ್ಯಾಯವಿಚಾರದಿಂದ ಮೆಲ್ಲಮೆಲ್ಲನೆ ರೂಪುಗೊಂಡಿತು.

ಈ ಸೀಮೆಯನ್ನೊಳಗೊಂಡ ರಾಯಚೂರು ನಿಜಾಮನ ಆಳ್ವಿಕೆಯಲ್ಲಿದ್ದಾಗ ಇಲ್ಲಿ ಹೈದರಾಬಾದಿನ ಅಬಕಾರಿ ಕಾನೂನು ಜಾರಿಯಲ್ಲಿತ್ತು. 1956ರ ಏಕೀಕರಣದ ತರುವಾಯ, ಪ್ರಾಂತ ಪ್ರಾಂತಕ್ಕೆ ಭಿನ್ನವಾಗಿದ್ದ ಕಾನೂನುಗಳ ಸ್ಥಾನದಲ್ಲಿ ಸಮಗ್ರ ರಾಜ್ಯಕ್ಕೆ ಅನ್ವಯಿಸುವಂತೆ 1965ರ ಮೈಸೂರು ಅಬಕಾರಿ ಕಾಯ್ದೆ ರಚಿತವಾಯಿತು; ಅದೇ ಇಂದಿನ ಕರ್ನಾಟಕ ಅಬಕಾರಿ ಕಾಯ್ದೆ. ಅಪರಾಧಕ್ಕೆ ಬಳಕೆಯಾದ ವಾಹನವೂ ಮುಟ್ಟುಗೋಲಿಗೆ, ಎಂದರೆ ಸರ್ಕಾರದ ಪಾಲಾಗುವುದಕ್ಕೆ, ಅರ್ಹವೆಂದು ಇದರ 43ನೆಯ ಪ್ರಕರಣ ವಿಧಿಸುತ್ತದೆ. ಮುಂದೆ ಸೇರ್ಪಡೆಯಾದ 43-ಎ ಮತ್ತು ಅದನ್ನು ಅನುಸರಿಸುವ ವಿಧಿಗಳು ಮುಟ್ಟುಗೋಲಿನ ಅಧಿಕಾರವನ್ನು ಇಲಾಖೆಯ ಅಧಿಕೃತ ಅಧಿಕಾರಿಗೆ ಒಪ್ಪಿಸಿದವು. ಆದರೆ ಮಾಲೀಕನಿಗೆ ನೋಟೀಸು ಕೊಡದೆ, ಅವನ ಅಹವಾಲು ಕೇಳದೆ ಮುಟ್ಟುಗೋಲು ಹಾಕುವಂತಿಲ್ಲವೆಂಬ ರಕ್ಷಣೆಯನ್ನೂ ಒದಗಿಸಿದವು. 2007ರ ಜುಲೈ 1ರಿಂದ ಸಾರಾಯಿ ನಿಷೇಧವಾದ ಮೇಲಂತೂ ಸಣ್ಣ ವಾಹನಗಳ ಮೇಲೂ ಇಲಾಖೆಯ ದೃಷ್ಟಿ ಬೀಳುವುದು ಸಹಜವಾಯಿತು.

ಈ ವಿಶೇಷ ಶಾಸನದ ಪಕ್ಕದಲ್ಲಿಯೇ ಸಾಮಾನ್ಯ ದಂಡಪ್ರಕ್ರಿಯೆಯ ಇನ್ನೊಂದು ಧಾರೆ ಹರಿದುಬಂದಿದೆ. 1898ರ ಸಂಹಿತೆಯ 516-ಎ, 1973ರ ಸಂಹಿತೆಯ 451 ಮತ್ತು 457ನೆಯ ಪ್ರಕರಣಗಳು ಜಪ್ತಿಯಾದ ಸ್ವತ್ತನ್ನು ವಿಚಾರಣೆಯ ಅವಧಿಯಲ್ಲಿ ಯೋಗ್ಯ ವ್ಯಕ್ತಿಯ ಸುಪರ್ದಿಗೆ ಒಪ್ಪಿಸುವ ಅಧಿಕಾರವನ್ನು ಮ್ಯಾಜಿಸ್ಟ್ರೇಟರಿಗೆ ನೀಡಿದವು. ನಮ್ಮ ರಾಜ್ಯದಿಂದಲೇ ಹೋದ ಬಸವ್ವ ಪಾಟೀಲ ಪ್ರಕರಣದಲ್ಲಿ, ಪೊಲೀಸರ ವಶದಲ್ಲಿದ್ದ ಸ್ವತ್ತು ಕಾಣೆಯಾದಾಗ ಅದರ ಮೌಲ್ಯವನ್ನು ಸರ್ಕಾರವೇ ತುಂಬಿಕೊಡಬೇಕೆಂದು ಸುಪ್ರೀಂ ಕೋರ್ಟು 1977ರಲ್ಲಿ ತೀರ್ಪಿತ್ತು, ಅತ್ಯವಶ್ಯವಾದ ಅವಧಿಗಿಂತ ಹೆಚ್ಚು ಕಾಲ ಸ್ವತ್ತನ್ನು ಠಾಣೆಯಲ್ಲಿಡಬಾರದೆಂಬ ತತ್ತ್ವವನ್ನು ಸ್ಥಾಪಿಸಿತು. ಇದೇ ತತ್ತ್ವ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ, 2002ರಲ್ಲಿ, ಪೂರ್ಣ ವಿಕಾಸ ಪಡೆಯಿತು: ವಾಹನವನ್ನು ಠಾಣೆಯ ಅಂಗಳದಲ್ಲಿ ಬಿಸಿಲು ಮಳೆಗೆ ಒಡ್ಡಿ ಕೆಡಿಸದೆ, ಛಾಯಾಚಿತ್ರ ತೆಗೆಸಿ, ಪಂಚನಾಮೆ ಬರೆಸಿ, ಸೂಕ್ತ ಬಾಂಡು ಮತ್ತು ಭದ್ರತೆ ಪಡೆದು ಒಡನೆಯೇ ಬಿಟ್ಟುಕೊಡಬೇಕು.

ಆದರೆ ಈ ಔದಾರ್ಯ ಎಲ್ಲ ಕಾಯ್ದೆಗಳಿಗೂ ಒಂದೇ ತೆರನಾಗಿ ಸಲ್ಲಲಿಲ್ಲ. ಅಧಿಕೃತ ಅಧಿಕಾರಿಯ ಮುಂದೆ ಮುಟ್ಟುಗೋಲಿನ ನಡವಳಿ ಆರಂಭವಾಗಿದ್ದರೆ ಮ್ಯಾಜಿಸ್ಟ್ರೇಟರು ವಾಹನ ಬಿಡುವಂತಿಲ್ಲವೆಂದು ಕರ್ನಾಟಕದ ಅರಣ್ಯ ಕಾಯ್ದೆಗೆ ಸಂಬಂಧಿಸಿದ ಕುಂಚಿಂದಮ್ಮದ್ ಪ್ರಕರಣದಲ್ಲಿ ಅದೇ 2002ರಲ್ಲಿ ನಿರ್ಣಯವಾಯಿತು; 2014ರಲ್ಲಿ ದೆಹಲಿಯ ಅಬಕಾರಿ ಕಾಯ್ದೆಯ ಕುರಿತಾಗಿಯೂ ನ್ಯಾಯಾಲಯದ ಅಧಿಕಾರಕ್ಕೆ ಇಂಥದೇ ಮಿತಿ ಹೇಳಲಾಯಿತು. ಪ್ರತಿಯಾಗಿ, ಕೇವಲ ಜಪ್ತಿಯಾದ ಮಾತ್ರಕ್ಕೆ ಮ್ಯಾಜಿಸ್ಟ್ರೇಟರ ಅಧಿಕಾರ ಅಳಿಯದೆಂದು ವನ್ಯಜೀವಿ ಕಾಯ್ದೆಯ ಮಧುಕರ ರಾವ್ ಪ್ರಕರಣ 2008ರಲ್ಲಿ ಸಾರಿತು. 2025ರ ಜನವರಿಯ ಬಿಶ್ವಜಿತ್ ಡೇ ತೀರ್ಪಂತೂ ಮಾದಕವಸ್ತು ಸಿಕ್ಕಿದ ಲಾರಿಯನ್ನೂ ಷರತ್ತುಗಳೊಡನೆ ಮಾಲೀಕನಿಗೆ ಮಧ್ಯಂತರವಾಗಿ ಒಪ್ಪಿಸಿತು. ಆದುದರಿಂದ, ಗಾಡಿ ಬಿಡಿಸಿಕೊಳ್ಳಬಂದವನ ವಕೀಲರು ಮೊದಲು ಅರಿಯಬೇಕಾದುದು ಮುಟ್ಟುಗೋಲಿನ ನಡವಳಿ ಆರಂಭವಾಗಿದೆಯೆ, ಅರ್ಜಿ ಯಾರ ಮುಂದೆ ಸಲ್ಲಬೇಕು ಎಂಬುದನ್ನೇ.

ಅರ್ಜಿಯ ಸ್ವರೂಪವಾದರೋ ಸರಳ. ಆರ್‌ಸಿ, ವಿಮೆಯ ಕಾಗದ, ಗುರುತಿನ ಚೀಟಿಗಳನ್ನು ಲಗತ್ತಿಸಿ, ಜಾಮೀನುದಾರನೊಡನೆ ಮಾಲೀಕ ಹಾಜರಾಗುತ್ತಾನೆ. ಸರ್ಕಾರಿ ಅಭಿಯೋಜಕರು ತಕರಾರು ಸಲ್ಲಿಸುತ್ತಾರೆ. ಬಿಡುಗಡೆಯ ಆದೇಶದಲ್ಲಿ ವಾಹನವನ್ನು ಪರಭಾರೆ ಮಾಡಕೂಡದು, ಅದರ ರೂಪ ಬದಲಿಸಕೂಡದು, ಕರೆದಾಗ ತಂದೊಪ್ಪಿಸಬೇಕು, ಮತ್ತೆ ಇಂಥ ಕೃತ್ಯಕ್ಕೆ ಬಳಸಕೂಡದು ಎಂಬ ಷರತ್ತುಗಳಿರುತ್ತವೆ. ಹೈಕೋರ್ಟಿನ ಪರಿಹಾರಕ್ಕೆ ಬೆಂಗಳೂರಿಗೇ ಹೋಗಬೇಕಾಗಿದ್ದ ರಾಯಚೂರಿನವರಿಗೆ, 2008ರಲ್ಲಿ ಸಂಚಾರಿ ಪೀಠವಾಗಿ ಬಂದು 2013ರಲ್ಲಿ ಖಾಯಂ ಆದ ಕಲಬುರಗಿಯ ಹೈಕೋರ್ಟು ಪೀಠ ದಾರಿಯನ್ನು ಹತ್ತಿರಗೊಳಿಸಿತು.

1973ರ ಸಂಹಿತೆಯ ಸ್ಥಾನದಲ್ಲಿ 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497ನೆಯ ಪ್ರಕರಣವು, ನ್ಯಾಯಾಲಯದ ಮುಂದೆ ಬಂದ ಸ್ವತ್ತಿನ ವಿವರಣಪಟ್ಟಿಯನ್ನು 14 ದಿನಗಳಲ್ಲಿ ಸಿದ್ಧಪಡಿಸಿ, ಛಾಯಾಚಿತ್ರ ಅಥವಾ ವಿಡಿಯೊ ತೆಗೆಸಿ, ಆ ಬಳಿಕ 30 ದಿನಗಳೊಳಗೆ ವಿಲೇವಾರಿಗೆ ಆದೇಶಿಸಬೇಕೆಂದು ಅವಧಿಯನ್ನೇ ಗೊತ್ತುಪಡಿಸಿದೆ. ಚಿತ್ರವೇ ಸಾಕ್ಷ್ಯವಾಗಬಲ್ಲುದಾದಾಗ, ಟೈರು ಸೀಳಿ, ಬ್ಯಾಟರಿ ಸತ್ತು, ಕಬ್ಬಿಣ ತುಕ್ಕು ಹಿಡಿಯುವವರೆಗೆ ಗಾಡಿಯನ್ನು ಠಾಣೆಯಲ್ಲಿ ನಿಲ್ಲಿಸುವುದರಿಂದ ಮದ್ಯದ ಕಳ್ಳಸಾಗಣೆ ನಿಲ್ಲದು. ಸಾಲದ ಕಂತು ಕಟ್ಟುವ ನಿರ್ದೋಷಿ ಮಾಲೀಕನ ಮನೆ ಮಾತ್ರ ಬಡವಾಗುವುದು. ಅಧಿಕೃತ ಅಧಿಕಾರಿಯ ಮುಂದಿನ ನಡವಳಿಗಳಿಗೂ ಇಂಥದೇ ಕಾಲಮಿತಿಯನ್ನು ರಾಜ್ಯದ ಶಾಸನಸಭೆ ವಿಧಿಸಬೇಕು. ಅಲ್ಲಿಯವರೆಗೆ ಮಾಲೀಕರು ಕಾಗದಪತ್ರಗಳೊಡನೆ ವಿಳಂಬವಿಲ್ಲದೆ ಅರ್ಜಿ ಸಲ್ಲಿಸಬೇಕು, ಅಧಿಕಾರಿಗಳು ನೋಟೀಸನ್ನು ತಡೆಯಿಲ್ಲದೆ ಜಾರಿಮಾಡಬೇಕು.