ಕೊಡುಗೆಯೋ, ಗಳಿಕೆಯೋ? ನಿವೃತ್ತಿ ಹಣದ ನ್ಯಾಯದ ಕಥೆ



ಮುಳಬಾಗಿಲು ತಾಲ್ಲೂಕಿನ ನಂಗಲಿ ಆಂಧ್ರದ ಗಡಿಗೆ ಹತ್ತಿರದ ಊರು. ಹೊಯ್ಸಳ ವಿಷ್ಣುವರ್ಧನನ ಶಾಸನಗಳಲ್ಲೂ ರಾಜ್ಯದ ಪೂರ್ವದ ಎಲ್ಲೆ ನಂಗಲಿಯೇ. ಗಡಿನಾಡೆಂದ ಮೇಲೆ ಕಾಳಗಗಳಿಗೇನು ಕೊರತೆ? ಕೋಲಾರ ಸೀಮೆಯಲ್ಲಿ ವೀರಗಲ್ಲುಗಳು ಹೇರಳ. ತುರುಗಳನ್ನು ಬಿಡಿಸಲು ಹೋರಾಡಿ ಮಡಿದವನ ಮನೆಯವರಿಗೆ ಭೂಮಿ ಬಿಟ್ಟುಕೊಡುವ ಪದ್ಧತಿ ಅಂದು ನಾಡಿನಲ್ಲಿತ್ತು. ಅದರ ಹೆಸರು ನೆತ್ತರುಗೊಡಗೆ. ದತ್ತಿಯನ್ನು ಅಳಿದವನಿಗೆ ವಾರಣಾಸಿಯಲ್ಲಿ ಕವಿಲೆಯನ್ನು ಕೊಂದ ಪಾಪ ತಟ್ಟಲಿ ಎಂಬ ಶಾಪವನ್ನು ಅನೇಕ ಶಾಸನಗಳ ಕೊನೆಯಲ್ಲಿ ಕಾಣುತ್ತೇವೆ. ಕೊಟ್ಟದ್ದನ್ನು ಕಾಯಲು ಅಂದಿನವರಿಗಿದ್ದುದು ಆ ಶಾಪ. ಇಂದು ನಮಗೆ ನ್ಯಾಯಾಲಯವಿದೆ. ಆದರೆ ಅದರ ಬಾಗಿಲು ಸುಲಭವಾಗಿ ತೆರೆಯಲಿಲ್ಲ.

ಬ್ರಿಟಿಷ್ ಇಂಡಿಯಾದ 1871ರ ಪಿಂಚಣಿ ಕಾಯ್ದೆಯು, ಸರ್ಕಾರ ಕೊಟ್ಟ ಪಿಂಚಣಿಯ ಬಗೆಗಿನ ದಾವೆಯನ್ನು ಸಿವಿಲ್ ನ್ಯಾಯಾಲಯ ವಿಚಾರಿಸಬಾರದೆಂದು ತಡೆ ಹಾಕಿತು. ಪಿಂಚಣಿ ಎಂದರೆ ದೊರೆಯ ದಯೆ, ದಯೆಯನ್ನು ಹಕ್ಕೆಂದು ಕೇಳುವಂತಿಲ್ಲ ಎಂಬ ಭಾವನೆ ಬಹುಕಾಲ ಉಳಿಯಿತು.

ಇದನ್ನು ಅಲುಗಿಸಿದವರು ಬಿಹಾರದ ಶಿಕ್ಷಣ ಇಲಾಖೆಯ ಅಧಿಕಾರಿ ದೇವಕಿನಂದನ ಪ್ರಸಾದ್. ಐದು ವರ್ಷ ಗೈರುಹಾಜರಾದರೆಂಬ ಕಾರಣ ನೀಡಿ ಅವರ ಪಿಂಚಣಿಯನ್ನು ತಡೆಯಲಾಗಿತ್ತು. 1971ರಲ್ಲಿ ಸುಪ್ರೀಂ ಕೋರ್ಟ್, ಪಿಂಚಣಿಯು ನೌಕರನ ಆಸ್ತಿ, ಕೇವಲ ಆಡಳಿತದ ಆಜ್ಞೆಯಿಂದ ಕಸಿಯಲಾಗದು ಎಂದಿತು. 1982ರ ಡಿಸೆಂಬರ್ 17ರಂದು ನಕಾರ ಮೊಕದ್ದಮೆಯಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಇನ್ನೂ ಸ್ಪಷ್ಟವಾಗಿ, ಪಿಂಚಣಿ ಭಿಕ್ಷೆಯಲ್ಲ, ಸಲ್ಲಿಸಿದ ಸೇವೆಯ ಪ್ರತಿಫಲ ಎಂದು ಸಾರಿತು. ಆ ದಿನವನ್ನು ನಿವೃತ್ತರು ಪಿಂಚಣಿದಾರರ ದಿನವಾಗಿ ಆಚರಿಸುತ್ತಾರೆ.

ಕಾರ್ಖಾನೆ, ಗಣಿಗಳ ಕೆಲಸಗಾರನಿಗೆ 1972ರ ಉಪದಾನ ಕಾಯ್ದೆ ಬಂತು. ನಾವು ಗ್ರಾಚ್ಯುಯಿಟಿ ಎನ್ನುವುದು ಇದನ್ನೇ. ನಾನು ವಿಜ್ಞಾನ ಓದಿದವನು, ಲೆಕ್ಕ ಹಾಕಿ ನೋಡೋಣ. ಕೊನೆಯ ತಿಂಗಳ ಸಂಬಳ 5,200 ರೂಪಾಯಿ ಎನ್ನಿ. 26ರಿಂದ ಭಾಗಿಸಿದರೆ ದಿನಕ್ಕೆ 200. ವರ್ಷಕ್ಕೆ 15 ದಿನದಂತೆ 3,000. ಮೂವತ್ತು ವರ್ಷಕ್ಕೆ 90,000 ರೂಪಾಯಿ. ಈ ಹಣವನ್ನು 30 ದಿನದೊಳಗೆ ಕೊಡಬೇಕೆಂದು ಕಾಯ್ದೆ ಹೇಳಿತು. ತಡವಾದರೆ ಬಡ್ಡಿ ಕೊಡಬೇಕೆಂಬ ಮಾತನ್ನು 1987ರ ತಿದ್ದುಪಡಿ ಸೇರಿಸಿತು.

ಈಗ ನಮ್ಮ ಜಿಲ್ಲೆಯ ಚಿನ್ನದ ಗಣಿಗೆ ಬರೋಣ. 1880ರಿಂದ ಜಾನ್ ಟೇಲರ್ ಕಂಪನಿಯ ಕೈಯಲ್ಲಿದ್ದ ಕೆ.ಜಿ.ಎಫ್. ಗಣಿಗಳು 1956ರಲ್ಲಿ ಮೈಸೂರು ಸರ್ಕಾರಕ್ಕೆ, 1962ರಲ್ಲಿ ಕೇಂದ್ರಕ್ಕೆ ಸೇರಿದವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯಾಯಿತು. ಅಲ್ಲಿನ ಭದ್ರತಾ ಅಧಿಕಾರಿ ಪಾಲ್ ಆಂಥೋನಿಯವರನ್ನು 1985ರಲ್ಲಿ ಅಮಾನತು ಮಾಡಲಾಯಿತು. ಜೀವನಾಧಾರ ಭತ್ಯೆ ಸಿಗಲಿಲ್ಲ. ಕೇರಳದ ಊರಿನಲ್ಲಿದ್ದ ಅವರಿಗೆ ವಿಚಾರಣೆಗೆ ಬರಲು ಹಣವೇ ಇಲ್ಲವಾಯಿತು. ಅವರಿಲ್ಲದೆಯೇ ವಿಚಾರಣೆ ನಡೆದು ವಜಾ ಆದರು. 1999ರಲ್ಲಿ ಸುಪ್ರೀಂ ಕೋರ್ಟ್ ಆ ವಜಾ ನಿಲ್ಲದೆಂದು ತೀರ್ಪಿತ್ತಿತು. ಇದು ನಿವೃತ್ತಿ ಹಣದ ಮೊಕದ್ದಮೆಯಲ್ಲ, ನಿಜ. ಆದರೂ ನೌಕರನಿಗೆ ಸಲ್ಲಬೇಕಾದ ಹಣವನ್ನು ತಡೆದರೆ ಅವನ ಬಾಯಿಯನ್ನೇ ಕಟ್ಟಿದಂತೆ ಎಂಬುದನ್ನು ಇದಕ್ಕಿಂತ ಚೆನ್ನಾಗಿ ತೋರಿಸುವ ಪ್ರಕರಣ ವಿರಳ. ಎರಡು ವರ್ಷಗಳಲ್ಲಿ, 2001ರ ಮಾರ್ಚ್ 1ರಂದು, ಗಣಿಯೇ ಮುಚ್ಚಿತು.

ಹಾಗಾದರೆ ಪಿಂಚಣಿಯನ್ನು ತಡೆಯಲೇ ಬಾರದೇ? ತಡೆಯಬಹುದು, ನಿಯಮವಿದ್ದರೆ ಮಾತ್ರ. ಕರ್ನಾಟಕ ನಾಗರಿಕ ಸೇವಾ ನಿಯಮಾವಳಿಯ 214ನೇ ನಿಯಮವು ಗುರುತರ ದುರ್ನಡತೆ ಸಾಬೀತಾದಲ್ಲಿ ಆ ಅಧಿಕಾರವನ್ನು ಸರ್ಕಾರಕ್ಕೆ ಕೊಡುತ್ತದೆ. ನಿಯಮದ ಆಧಾರವಿಲ್ಲದೆ ಪಿಂಚಣಿಯನ್ನೋ ಗ್ರಾಚ್ಯುಯಿಟಿಯನ್ನೋ ಹಿಡಿದಿಟ್ಟರೆ ಅದು ಸಂವಿಧಾನದ 300ಎ ವಿಧಿಗೆ ವಿರುದ್ಧವೆಂದು 2013ರಲ್ಲಿ ಜಾರ್ಖಂಡಿನ ಮೊಕದ್ದಮೆಯೊಂದರಲ್ಲಿ ಸುಪ್ರೀಂ ಕೋರ್ಟ್ ಹೇಳಿತು.

ನಿಮ್ಮ ಮನೆಯಲ್ಲಿ ನಿವೃತ್ತರಾದ ತಾತ, ಅಜ್ಜಿ ಇದ್ದರೆ, ಅವರ ಕೈಗೆ ಮೊದಲ ಪಿಂಚಣಿ ಬರಲು ಎಷ್ಟು ತಿಂಗಳಾಯಿತೆಂದು ಕೇಳಿ ನೋಡಿ. ಗೆದ್ದ ಹಕ್ಕು ಎಷ್ಟು ಬೇಗ ಮನೆಬಾಗಿಲಿಗೆ ಬರುತ್ತದೆ ಎಂಬುದೂ ಚರಿತ್ರೆಯೇ.