ಅಪ್ಪನ ಅಕಾರ್ಡಿಯನ್



"ಹುರುಳಿಕಾಯಿಗೆ ಉಪ್ಪಿಲ್ಲ." ಅಮೆರಿಕದ ಲೂಯಿಸಿಯಾನಾದಲ್ಲಿ ಫ್ರೆಂಚ್ ಆಡುತ್ತಿದ್ದ ಕಪ್ಪು ಕ್ರಿಯೋಲ್ ರೈತರ ಮಾತಿದು. ಬೇಯಿಸುವಾಗ ಜೊತೆಗೆ ಹಾಕಲು ಒಂದು ಚೂರು ಉಪ್ಪುಮಾಂಸಕ್ಕೂ ಗತಿಯಿಲ್ಲದ ಬಡತನ ಎಂದರ್ಥ. ಹುರುಳಿಕಾಯಿಗೆ ಅವರ ಬಾಯಲ್ಲಿದ್ದ 'ಲೆ ಜಾರಿಕೊ' ಎಂಬ ಮಾತೇ ಸವೆದು 'ಜೈಡೆಕೊ' ಆಯಿತಂತೆ. ಇದು ಅಕಾರ್ಡಿಯನ್ ಮತ್ತು ಬ್ಲೂಸ್ ಕೂಡಿ ಹುಟ್ಟಿದ ಕುಣಿತದ ಸಂಗೀತ. ಅಕಾರ್ಡಿಯನ್ ಬೇರೇನಲ್ಲ, ನಮ್ಮ ಹಾರ್ಮೋನಿಯಂನ ದಾಯಾದಿ!

ಈ ಸಂಗೀತವನ್ನು ಜಗತ್ತಿಗೆ ಪರಿಚಯಿಸಿದವರು ಕ್ಲಿಫ್ಟನ್ ಶೆನಿಯೆ (1925-1987). ಒಪೆಲೂಸಾಸ್ ಬಳಿಯ ರೈತ ಕುಟುಂಬ. ಅಪ್ಪ ಜೋಸೆಫ್ ಕೂಡ ಅಕಾರ್ಡಿಯನ್ ನುಡಿಸುತ್ತಿದ್ದರು. ಕ್ಲಿಫ್ಟನ್ ಕೆಲಕಾಲ ಟೆಕ್ಸಾಸಿನ ಪೋರ್ಟ್ ಆರ್ಥರ್‌ನ ತೈಲ ಸಂಸ್ಕರಣಾಗಾರದಲ್ಲಿ ಕೆಲಸ ಮಾಡಿದರು. ಬಟ್ಟೆ ಒಗೆಯುವ ತಗಡಿನ ಹಲಗೆಯನ್ನು ಕೆರೆದು ತಾಳ ಹಾಕುವುದು ಅಲ್ಲಿನ ವಾಡಿಕೆ. 1946ರಲ್ಲಿ ಅವರು ಲೋಹದ ಕೆಲಸಗಾರ ವಿಲ್ಲಿ ಲ್ಯಾಂಡ್ರಿಯವರಿಂದ ಆ ತಗಡನ್ನೇ ಭುಜಕ್ಕೆ ತಗುಲಿಹಾಕುವ ಕವಚದಂತೆ ಮಾಡಿಸಿದರು. ಅದನ್ನು ತೊಟ್ಟು ನುಡಿಸುತ್ತಿದ್ದವರು ಅಣ್ಣ ಕ್ಲೀವ್‌ಲೆಂಡ್. 1983ರ ಸಾಲಿನ ಗ್ರ್ಯಾಮಿಯಲ್ಲಿ ಕ್ಲಿಫ್ಟನ್ನರದೂ ಒಂದಿತ್ತು. ಆ ಹೊತ್ತಿಗೆ ವೇದಿಕೆಯಲ್ಲಿ ಕಿರೀಟ ತೊಟ್ಟು ಕೂರುವ ರಾಜ ಅವರು!

ಆದರೆ ರಾಜಕುಮಾರನಿಗೆ ಅರಮನೆಯ ಗುಂಗೇ ಇರಲಿಲ್ಲ. ಮಗ ಸಿ.ಜೆ. ಹುಟ್ಟಿದ್ದು 1957ರಲ್ಲಿ, ಪೋರ್ಟ್ ಆರ್ಥರ್‌ನಲ್ಲಿ. ಪೂರ್ತಿ ಹೆಸರು ಕ್ಲೇಟನ್ ಜೋಸೆಫ್. ಅಜ್ಜನ ಹೆಸರೂ ಅದರಲ್ಲಿದೆ. ಹುಡುಗ ಕೇಳುತ್ತಿದ್ದದ್ದು ಜೇಮ್ಸ್ ಬ್ರೌನ್, ನುಡಿಸುತ್ತಿದ್ದದ್ದು ಸ್ಯಾಕ್ಸೊಫೋನ್. ಅಪ್ಪನ ಹಾಡುಗಳೆಲ್ಲ ಅವನ ಕಿವಿಗೆ ಒಂದೇ ತರಹ! ಭಾಷೆಯೂ ದೂರವೇ. ಲೂಯಿಸಿಯಾನಾದ 1921ರ ಸಂವಿಧಾನ ಶಾಲೆಗಳಲ್ಲಿ ಇಂಗ್ಲಿಷನ್ನೇ ಕಡ್ಡಾಯ ಮಾಡಿತ್ತು. ಶಾಲೆಯಲ್ಲಿ ಫ್ರೆಂಚ್ ಆಡಿ ಪೆಟ್ಟು ತಿಂದವರು ತಮ್ಮ ಮಕ್ಕಳಿಗೆ ಅದನ್ನು ಕಲಿಸಲು ಹಿಂಜರಿದರು.

1978ರಲ್ಲಿ ಅಪ್ಪನ 'ರೆಡ್ ಹಾಟ್ ಲೂಯಿಸಿಯಾನಾ ಬ್ಯಾಂಡ್'ಗೆ ಸ್ಯಾಕ್ಸೊಫೋನ್ ವಾದಕ ಬೇಕಾಯಿತು. ಇಪ್ಪತ್ತರ ಸಿ.ಜೆ.ಗೆ ಕರೆ ಬಂತು. ದಿನವೂ ಪಕ್ಕದಲ್ಲಿ ನಿಂತು ನುಡಿಸಿದಾಗಲೇ ಒಂದೇ ತರಹ ಕೇಳುತ್ತಿದ್ದ ಹಾಡುಗಳ ಒಳಗು ತಿಳಿಯುತ್ತ ಹೋಯಿತು. ಸಕ್ಕರೆ ಕಾಯಿಲೆ ಅಪ್ಪನನ್ನು ಹಣ್ಣು ಮಾಡಿದಾಗ ಮಗ ಅಕಾರ್ಡಿಯನ್ ಎತ್ತಿಕೊಂಡು, ಅಪ್ಪ ವೇದಿಕೆಗೆ ಬರುವವರೆಗೆ ಜನರನ್ನು ಹಿಡಿದಿಡತೊಡಗಿದರು. 1987ರ ಡಿಸೆಂಬರ್‌ನಲ್ಲಿ ಅಪ್ಪ ತೀರಿಕೊಂಡರು. ತಂಡವನ್ನು ಅದೇ ಹೆಸರಿನಲ್ಲಿ ಮಗ ಮುಂದುವರಿಸಿದರು. 1990ರಲ್ಲಿ ಪಾಲ್ ಸೈಮನ್ನರ ಆಲ್ಬಂನಲ್ಲೂ ನುಡಿಸಿದರು.

ಸಿ.ಜೆ. ಹಾಡಿದ್ದು ಬಹುಪಾಲು ಇಂಗ್ಲಿಷಿನಲ್ಲಿ. ಅದರಲ್ಲಿ ಅವರು ಬೆಳೆದ ಕಾಲದ ಫಂಕ್ ಕೂಡ ಇದೆ. ಹಾಗಾದರೆ ಉಳಿದಿದ್ದೇನು? ಅಕಾರ್ಡಿಯನ್ ಉಳಿಯಿತು, ತಗಡಿನ ತಾಳ ಉಳಿಯಿತು, ಮಾತು ಜಾರಿತು. ಇದು ಗೆಲುವೋ ಸೋಲೋ ನನಗೆ ಬಗೆಹರಿದಿಲ್ಲ. ಒಂದಂತೂ ನಿಜ: ಆ ಪರಂಪರೆ ಮಗನಿಗೆ ತಾನಾಗಿ ಸಿಗಲಿಲ್ಲ. ಅಪ್ಪ ಕರೆದರು, ಮಗ ಹೋದ. ಆಗ ಅವನಿಗೆ ಇಪ್ಪತ್ತು ವರ್ಷ, ಅಪ್ಪನಿಗೆ ಉಳಿದಿದ್ದದ್ದು ಒಂಬತ್ತೇ ವರ್ಷ.

ವಾರಾಂತ್ಯದ ಕನ್ನಡ ತರಗತಿಗೆ ಮಕ್ಕಳನ್ನು ಎಳೆದೊಯ್ಯುವ ನಮ್ಮಂಥವರಿಗೆ ಇದಕ್ಕಿಂತ ಹೆಚ್ಚು ಹೇಳಬೇಕಾಗಿಲ್ಲ, ಅಲ್ಲವೇ?